ಮೂತಿಯ ಮೇಲೆ ನಿಂತವರು

ಸವದತ್ತಿ ಕಡೆಯ ಟ್ರ್ಯಾಕ್ಟರ್ ಜಗ್ಗಾಟದ ಕಮಿಟಿಯವರು ನನ್ನ ಅಣ್ಣನಿಗೆ ಶಾಲು ಹೊದಿಸಿ ಸನ್ಮಾನ ಮಾಡಬೇಕೆಂದು ನಿರ್ಧರಿಸಿದರು. ಸನ್ಮಾನ ಅವನಿಗೆ, ಆದರೆ ಅವರು ಬಂದು ಕುಳಿತದ್ದು ಸಂಗೊಳ್ಳಿಯ ನನ್ನ ಮನೆಯ ಕಟ್ಟೆಯ ಮೇಲೆ. ಮೂವರು ಬಂದಿದ್ದರು. ಮಾತಾಡಿದವನು ಸೆಕ್ರೆಟರಿ ವಿಜಯ ಒಬ್ಬನೇ. ಮೂವತ್ತರ ಆಸುಪಾಸಿನವನು, ಮಾತಿಗೊಮ್ಮೆ ಕಾಲರ್ ಸರಿಮಾಡಿಕೊಳ್ಳುತ್ತಿದ್ದ. ಉಳಿದಿಬ್ಬರು ನನ್ನ ಬಾಯಿಯ ಬಗ್ಗೆ ಮೊದಲೇ ಕೇಳಿದ್ದಿರಬೇಕು, ಬಿಟ್ಟ ಚಪ್ಪಲಿಗಳ ಹತ್ತಿರವೇ ನಿಂತಿದ್ದರು.

“ಕಾಕೂ, ಮೊದಲ ನಿಮ್ಮ ಅಣ್ಣಾರ ಮನಿಗೇ ಹೋಗಿದ್ವಿ,” ಅಂದ ವಿಜಯ. “ನಮ್ಮ ರಾಜೇಶ್ವರಿ ಹೂಂ ಅಂದ್ರ ಬರತೇನಿ, ಇಲ್ಲಂದ್ರ ಇಲ್ಲ ಅಂದ್ರು. ಅದಕ್ಕ ನಿಮ್ಮ ಕಡೆ ಬಂದೇವಿ.”

“ಟ್ರ್ಯಾಕ್ಟರ್ ಕಟ್ಟುವಾಗ ನನ್ನ ಕೇಳಿದ್ನೇನ? ಈಗ ಶಾಲ ಹೊಚ್ಚಿಕೊಳ್ಳಾಕ ಯಾಕ ಕೇಳತಾನ?”

“ಹಂಗಲ್ರಿ ಕಾಕೂ. ಈ ಭಾಗದಾಗ ಜಗ್ಗಾಟಕ್ಕಂತ ಮೊದಲ ಗಾಡಿ ಕಟ್ಟಿದವ್ರ ಅವ್ರು. ಮೊದಲ ಓಡಿಸಿದವ್ರೂ ಅವ್ರ. ಈಗಿನವ್ರು ಏನ ಮಾಡಿದ್ರೂ ಅವ್ರನ್ನ ನೋಡಿ ಕಲತದ್ದ.”

“ಮೊದಲ ಹೆಣಾ ಬೀಳಿಸಿದವ್ರೂ ಅವ್ರ. ಅದನ್ನೂ ಪಾಂಪ್ಲೇಟ್‌ನ್ಯಾಗ ಹಾಕ್ಸು.”

ಚಪ್ಪಲಿಯ ಹತ್ತಿರ ನಿಂತವರು ಚಪ್ಪಲಿ ಮೆಟ್ಟಿಕೊಂಡರು. ವಿಜಯ ಎದ್ದು ನಿಂತು ಕೈಮುಗಿದ. “ಹಂಗಾರ ಏನ ಹೇಳೂಣ್ರಿ ಅವರಿಗೆ?”

“ನೀ ಏನೂ ಹೇಳಬ್ಯಾಡ. ನಾನ ಹೋಗಿ ಮಾರಿಗೇ ಹೇಳತೇನಿ.”

ಹೀಗೆ ಹೇಳಿ ಅವರನ್ನು ಕಳಿಸಿದೆ. ಒಂಬತ್ತು ವರ್ಷದಿಂದ ನಾನು ಅಣ್ಣನ ಹೊಸ್ತಿಲು ತುಳಿದಿರಲಿಲ್ಲ. ನನ್ನ ಗಂಡ ಮಹಾದೇವ ಸತ್ತದ್ದು ನನ್ನ ಅಣ್ಣ ನಿಜಗುಣಪ್ಪ ಕಟ್ಟಿ, ಅವನೇ ಓಡಿಸುತ್ತಿದ್ದ ಟ್ರ್ಯಾಕ್ಟರಿನ ಕೆಳಗೆ.

ಜಗ್ಗಾಟ ನೋಡದವರಿಗಾಗಿ ಹೇಳುತ್ತೇನೆ. ಎರಡು ಟ್ರ್ಯಾಕ್ಟರುಗಳನ್ನು ಬೆನ್ನಿಗೆ ಬೆನ್ನು ಮಾಡಿ ನಿಲ್ಲಿಸಿ, ಹಿಂದಿನ ಹುಕ್ಕಿನಿಂದ ಹುಕ್ಕಿಗೆ ಸರಪಳಿ ಕಟ್ಟುತ್ತಾರೆ. ಸೀಟಿ ಊದಿದ ಕೂಡಲೇ ಎರಡೂ ಮುಂದಕ್ಕೆ ಜಗ್ಗುತ್ತವೆ. ಯಾವುದು ಇನ್ನೊಂದನ್ನು ಸುಣ್ಣದ ಗೆರೆ ದಾಟಿಸಿ ಎಳೆದೊಯ್ಯುತ್ತದೋ ಅದು ಗೆದ್ದಿತು. ಹೀಗೆ ಜೀವ ಕೊಟ್ಟು ಜಗ್ಗುವಾಗ ಟ್ರ್ಯಾಕ್ಟರಿನ ಮುಂಭಾಗ, ನಮ್ಮವರು ಮೂತಿ ಅನ್ನುತ್ತಾರೆ, ನೆಲ ಬಿಟ್ಟು ಮೇಲೇಳುತ್ತದೆ. ಮೂತಿ ಎದ್ದರೆ ಸ್ಟೇರಿಂಗ್ ಹಿಡಿತಕ್ಕೆ ಸಿಗುವುದಿಲ್ಲ. ಅದಕ್ಕೆ ಅಲ್ಲಿ ಭಾರ ಬೇಕು. ಕಬ್ಬಿಣದ ಭಾರ ಹಾಕಬಹುದು, ಮರಳಿನ ಚೀಲ ಕಟ್ಟಬಹುದು. ನಮ್ಮವರು ಮನುಷ್ಯನನ್ನು ನಿಲ್ಲಿಸುತ್ತಾರೆ. ಮುಂದಿನ ಬಂಪರಿನ ಮೇಲೆ ಬೆನ್ನು ಬಾನೆಟ್ಟಿಗೆ ಆನಿಸಿ, ಎರಡೂ ಕೈಯಲ್ಲಿ ಹಿಂದಿನ ಸರಳು ಹಿಡಿದು ಒಬ್ಬ ಗಟ್ಟಿಗ ನಿಲ್ಲಬೇಕು. ಕಬ್ಬಿಣ ಇದ್ದಲ್ಲೇ ಇರುತ್ತದೆ, ಆಳು ಮೂತಿ ಏಳುವುದನ್ನು ನೋಡಿ ಮೈ ಒತ್ತುತ್ತಾನೆ ಅನ್ನುವುದು ಅವರ ಲೆಕ್ಕ. ಅದು ನೆಪ. ನಿಜ ಏನೆಂದರೆ ಸಾವಿರ ಮಂದಿಯ ಮುಂದೆ ಹಾಗೆ ನಿಲ್ಲುವುದು ಗಂಡಸಿಗೆ ದೊಡ್ಡಸ್ತಿಕೆ. ಮಹಾದೇವ ಹದಿನಾಲ್ಕು ವರ್ಷ ಅಣ್ಣನ ಟ್ರ್ಯಾಕ್ಟರಿನ ಮೂತಿಯ ಮೇಲೆ ನಿಂತ. ಬೈಲಹೊಂಗಲದ ಸಂತೆಯಲ್ಲಿ ಕಾಯಿಪಲ್ಲೆ ಮಾರುವವರು ಸಹ ನನ್ನನ್ನು “ಮೂತಿ ಮಾದೇವಪ್ಪನ ಹೇಂತಿ” ಎಂದು ಗುರುತಿಸುತ್ತಿದ್ದರು. ನನಗೆ ಅದು ಸೇರುತ್ತಿತ್ತು. ಸುಳ್ಳು ಯಾಕೆ ಹೇಳಲಿ?

ಅಣ್ಣ ಮೊದಲ ಗಾಡಿ ಕಟ್ಟಿದಾಗ ಜಗ್ಗಾಟಕ್ಕೆ ಬರುವವರು ಹೊಲ ಹೊಡೆಯುವ ಟ್ರ್ಯಾಕ್ಟರನ್ನೇ ತೊಳೆದು ತರುತ್ತಿದ್ದರು. ಇವನು ನೇಸರಗಿಯ ತನ್ನ ಗ್ಯಾರೇಜಿಗೆ, ಯಾರೋ ಗುಜರಿಗೆ ಹಾಕಿದ್ದ ಮೂವತ್ತೈದು ಎಚ್‌ಪಿ ಗಾಡಿಯನ್ನು ತಂದು ಎಂಟು ತಿಂಗಳು ಅದರ ಹೊಟ್ಟೆಯೊಳಗೆ ತಲೆ ಹಾಕಿ ಕುಳಿತ. ಸೈಲೆನ್ಸರ್ ಕತ್ತರಿಸಿ ಆಳೆತ್ತರದ ಪೈಪು ನಿಲ್ಲಿಸಿದ. ಡೀಸೆಲ್ ಪಂಪಿನ ಸೀಲು ಒಡೆದು, ಕಂಪನಿಯವರು ಕೊಟ್ಟದ್ದಕ್ಕಿಂತ ಹೆಚ್ಚು ಎಣ್ಣೆ ಹೋಗುವಂತೆ ಮಾಡಿದ. ಹುಬ್ಬಳ್ಳಿಯ ಗುಜರಿಯಿಂದ ಲಾರಿಯ ಟರ್ಬೊ ತಂದು ಕೂರಿಸಿದ. ಹಿಂದಿನ ಟಾಯರಿಗೆ ಗಾಳಿಯ ಬದಲು ನೀರು ತುಂಬಿದ, ಗಾಲಿಯ ಡಿಸ್ಕಿಗೆ ಕಾಂಕ್ರೀಟ್ ಹಾಕಿದ, ಕಾಸಿದ ಚೂರಿಯಿಂದ ಟಾಯರಿನ ಹಲ್ಲು ಚೂಪು ಮಾಡಿದ. ಬಾನೆಟ್ಟಿಗೆ ಬಣ್ಣವೂ ಇರಲಿಲ್ಲ. ಮೊದಲ ದಿನ ಮಂದಿ “ಏ ನಿಜಗುಣಾ, ಗುಜರಿ ಅಂಗಡಿ ಆ ಕಡೆ ಐತಿ” ಎಂದು ನಕ್ಕರು. ಅವತ್ತು ಅವನು ಎಂಟು ಹೊಸ ಗಾಡಿಗಳನ್ನು ಒಂದಾದ ಮೇಲೆ ಒಂದರಂತೆ ಗೆರೆ ದಾಟಿಸಿದ. ಸೀಟಿ ಊದಿದ ಕೂಡಲೇ ಎಲ್ಲರೂ ರೇಸ್ ಕೊಟ್ಟು ಗಾಲಿ ಗಿರಕಿ ಹೊಡೆಸಿಕೊಳ್ಳುತ್ತಿದ್ದರೆ, ಇವನು ಸರಪಳಿ ಬಿಗಿಯುವ ತನಕ ಕಾಯುತ್ತಿದ್ದ. ಆಮೇಲೆ ಒಮ್ಮೆಲೇ ಕೊಡುತ್ತಿದ್ದ. ಕಿತ್ತೂರಿನಿಂದ ರಾಮದುರ್ಗದವರೆಗೆ ಅವನ ಮನೆಮುಂದೆ ಗಾಡಿ ತಂದು ನಿಲ್ಲಿಸದ ಊರಿಲ್ಲ.

ನಮ್ಮ ಅಪ್ಪನ ಕಾಲದಲ್ಲಿ ಎತ್ತಿನ ಕೋಡಿಗೆ ಕೆಂಪು ಹುರಮಂಜು ಹಚ್ಚುವುದು ಮನೆಮಗಳಾದ ನನ್ನ ಕೆಲಸವಾಗಿತ್ತು. ಎತ್ತು ಹೋಗಿ ಟ್ರ್ಯಾಕ್ಟರ್ ಬಂದ ಮೇಲೆ, ಪ್ರತಿ ಜಗ್ಗಾಟದ ಬೆಳಿಗ್ಗೆ ಅದನ್ನು ಸಿಂಗರಿಸುವ ಕೆಲಸವೂ ನನಗೇ ಬಂತು.

ಅವತ್ತು ರಾಮದುರ್ಗದ ಆಚೆಯ ಒಂದು ಬಯಲಿನಲ್ಲಿ ಆಟ. ಮೂರನೆಯ ಸುತ್ತು. ಹೆಂಗಸರೊಂದಿಗೆ ಬೇಲಿಯ ಪಕ್ಕ ನಿಂತಿದ್ದೆ. ಸರಪಳಿ ಬಿಗಿಯಿತು, ಕರಿ ಹೊಗೆ ಮೇಲಕ್ಕೆ ಹೋಯಿತು, ಮೂತಿ ಎದ್ದಿತು, ಮಹಾದೇವ ಮೈ ಒತ್ತಿದ. ಠಣ್ ಅಂತ ಒಂದು ಸಪ್ಪಳ. ಹಿಂದಿನ ಹುಕ್ಕು ಮುರಿದಿತ್ತು. ಹಗ್ಗ ಹರಿದ ಎತ್ತಿನಂತೆ ಟ್ರ್ಯಾಕ್ಟರ್ ಮುಂದಕ್ಕೆ ನೆಗೆಯಿತು. ಮಹಾದೇವ ಮುಂದೆ ಬಿದ್ದ. ಬಿದ್ದದ್ದನ್ನು ನೋಡಿ ಮಂದಿ ಮೊದಲು ನಕ್ಕರು. ಗಾಲಿ ಹಾಯ್ದು ಹೋದ ಮೇಲೆ ನಗು ನಿಂತಿತು.

ಬೋಲ್ಟಿನಿಂದ ಕೂರಿಸುತ್ತಿದ್ದ ಆ ಹುಕ್ಕನ್ನು ವೆಲ್ಡಿಂಗ್ ಮಾಡಿ ತಯಾರಿಸಿದವನು ಸತ್ಯಪ್ಪ, ಅಣ್ಣನ ಗ್ಯಾರೇಜಿನ ಜೊತೆಗಾರ. ಎಲ್ಲರೂ ಮೊದಲು ಅವನ ಮೇಲೆಯೇ ಬಿದ್ದರು. ನಾನು ಹನ್ನೊಂದನೆಯ ದಿನ ಅವನ ಕೇರಿಗೆ ಹೋಗಿ, ಅವನ ಹೆಂಡತಿಯ ಎದುರಿಗೆ, ಮಣ್ಣು ತೂರಿ ಬೈದು ಬಂದೆ. ನಮ್ಮ ಓಣಿಯವರು ಯಾರಾದರೂ ಆ ವೆಲ್ಡಿಂಗ್ ಮಾಡಿದ್ದರೆ ಹಾಗೆ ಬೈಯುತ್ತಿದ್ದೆನೋ ಇಲ್ಲವೋ, ಗೊತ್ತಿಲ್ಲ. ಬೈಯುತ್ತಿರಲಿಲ್ಲ ಅಂತಲೇ ಈಗ ಅನಿಸುತ್ತದೆ. ಅವನಿಗೆ ಮತ್ತೆ ಯಾರೂ ವೆಲ್ಡಿಂಗ್ ಕೆಲಸ ಕೊಡಲಿಲ್ಲ. ಅಣ್ಣ ಮಾತ್ರ ಪೊಲೀಸರ ಮುಂದೆಯೂ ಊರವರ ಮುಂದೆಯೂ ಒಂದೇ ಮಾತು ಹೇಳಿದ: “ತಪ್ಪ ನಂದು.” ಆಮೇಲೆ ಆ ಗಾಡಿಯನ್ನು ಗ್ಯಾಸ್ ಕಟರ್‌ನಿಂದ ತಾನೇ ತುಂಡು ಮಾಡಿದ. ಮತ್ತೆ ಜಗ್ಗಾಟದ ಗಾಡಿ ಮುಟ್ಟಲಿಲ್ಲ. ತಪ್ಪು ನನ್ನದು ಎಂದು ಅವನೇ ಒಪ್ಪಿದ ಮೇಲೆ ನಾನು ಇನ್ನೇನು ವಿಚಾರ ಮಾಡಲಿ? ಒಂಬತ್ತು ವರ್ಷ ಅವನ ಹೆಸರು ಎತ್ತಿದರೆ ಊಟ ಬಿಟ್ಟೇಳುತ್ತಿದ್ದೆ.

ವಿಜಯ ಬಂದುಹೋದ ಮರುದಿನವೇ ನೇಸರಗಿಗೆ ಹೋದೆ. ಗ್ಯಾರೇಜು ಅನ್ನುವುದಕ್ಕೆ ಅಲ್ಲಿ ಏನೂ ಉಳಿದಿರಲಿಲ್ಲ. ತಗಡಿನ ಕೆಳಗೆ ಎಣ್ಣೆ ಹೊಡೆಯುವ ಸ್ಪ್ರೇ ಪಂಪುಗಳು, ಎರಡು ಬೋರಿನ ಮೋಟಾರು. ಅಣ್ಣ ಮಣೆಯ ಮೇಲೆ ಕುಳಿತಿದ್ದ. ಅವನ ತಲೆ ಪೂರ್ತಿ ಬೆಳ್ಳಗಾದದ್ದು ನನಗೆ ಯಾರೂ ಹೇಳಿರಲಿಲ್ಲ. ಪಕ್ಕದಲ್ಲಿ ಸತ್ಯಪ್ಪ ಒಂದು ಪಂಪನ್ನು ಬಿಚ್ಚಿ ಹರವಿಕೊಂಡಿದ್ದ.

“ಬಾ ರಾಜಿ,” ಅಂದ ಅಣ್ಣ. ನಿನ್ನೆ ಹೋದವಳು ಇವತ್ತು ಬಂದ ಹಾಗೆ.

“ಬರಾಕ ಬಂದಿಲ್ಲ. ಹೇಳಾಕ ಬಂದೇನಿ.”

“ಕುಂತ ಹೇಳು.”

“ನಿಂತ ಹೇಳತೇನಿ. ಇಲ್ಲ. ತಿಳೀತ? ನನ್ನ ಮನಿ ಮುರದ ಕೈಗೆ ಹಾರ ಬ್ಯಾಡ. ಅವರ ನಿನಗ ಶಾಲ ಹೊಚ್ಚಿದ್ರ ನಾ ಅಲ್ಲೇ ಬಂದು ಎಳದ ಒಗೀತೇನಿ.”

“ಆತು,” ಅಂದ.

ಅಷ್ಟೇ. ಜಗಳ ಆಡಿದ್ದರೆ ನಾನು ನಾಲ್ಕು ಮಾತು ಆಡಿ ಹಗುರಾಗಿ ಬರುತ್ತಿದ್ದೆ. ಆ ‘ಆತು’ ನನ್ನ ತಲೆಗೆ ಏರಿತು. ಸತ್ಯಪ್ಪನ ಕಡೆ ತಿರುಗಿದೆ.

“ನೀನೂ ಇಲ್ಲೇ ಅದಿಯೇನ? ಇನ್ನ ಯಾರ ಮನಿ ಮುರಿಯೂದ ಉಳದೈತಿ?”

ಅವನು ತಲೆ ಎತ್ತಲಿಲ್ಲ. “ನಾ ಈಗ ವೆಲ್ಡಿಂಗ್ ಮಾಡೂದಿಲ್ರಿ ಅಕ್ಕಾರ.”

“ಮಾಡಾಕ ಯಾರ ಕೊಡತಾರ ನಿನಗ? ಎಂಜಲ ಹಚ್ಚಿ ಅಂಟಿಸಿದಂಗ ಅಂಟಿಸಿದ್ದಿ!”

ಒಳಗಿನಿಂದ ಅಣ್ಣನ ಹೆಂಡತಿ, ನನ್ನ ವೈನಿ, ಬಂದಳು. ಸೋಮವ್ವ ವೈನಿ ಮಾತು ಕಡಿಮೆ ಆಡುವವಳು. ಕೈಗೆ ರೊಟ್ಟಿಯ ಹಿಟ್ಟು ಮೆತ್ತಿತ್ತು.

“ರಾಜಿ, ಸಾಕ ಮಾಡು. ನನ್ನ ಗಂಡಗ ಬೈದಿ, ಬೈಸಿಕೊಂಡ. ಇವಂಗ ಯಾಕ ಬೈತಿ? ಒಂಬತ್ತ ವರ್ಷ ಆತು, ಇವನ ಒಲಿ ಆರಿಸಿದಿ.”

“ಸೋಮಿ, ಒಳಗ ಹೋಗು,” ಅಂದ ಅಣ್ಣ.

“ಹೋಗೂದಿಲ್ಲ. ಇಬ್ಬರನ್ನೂ ನೋಡಿ ನೋಡಿ ನನ್ನ ಕಣ್ಣ ಬತ್ತ್ಯಾವ. ರಾಜಿ, ಅವತ್ತ ಪೂಜಿಗೆ ಹುಕ್ಕಿಗೆ ಕೆಂಪ ಬಣ್ಣ ಹಚ್ಚಿದಾಕಿ ಯಾರು?”

“ನಾನ. ಯಾವಾಗಲೂ ನಾನ ಹಚ್ಚತಿದ್ದೆ. ಅದರದೇನ ಈಗ?”

“ಹಚ್ಚೂಕಿಂತ ಮೊದಲ ಏನ ಮಾಡಿದಿ?”

“ಚಿಮಣಿ ಎಣ್ಣಿ ಅರಬಿಲೆ ಒರಸಿದೆ. ಜಿಡ್ಡಿನ ಮ್ಯಾಲೆ ಬಣ್ಣ ಹಿಡಿತೈತೇನ?”

“ಸೋಮಿ!” ಅಣ್ಣ ಎದ್ದೇ ಬಿಟ್ಟ.

ವೈನಿ ಅವನ ಕಡೆ ನೋಡಲಿಲ್ಲ. “ಒರಸುವಾಗ ಹುಕ್ಕಿನ ಮ್ಯಾಲೆ ಏನಿತ್ತು?”

ಇತ್ತು. ಬಿಳಿ ಗೆರೆ ಎರಡು, ಒಂದರ ಮೇಲೊಂದು ಅಡ್ಡ ಎಳೆದದ್ದು. ಖಡುವಿನಿಂದ, ಅಂದರೆ ಸೀಮೆಸುಣ್ಣದಿಂದ, ಯಾರೋ ಆಡುತ್ತಾ ಗೀಚಿದ್ದಾರೆ ಅಂದುಕೊಂಡಿದ್ದೆ. ಒಮ್ಮೆ ಒರೆಸಿದರೆ ಹೋಗಲಿಲ್ಲ, ಮತ್ತೊಮ್ಮೆ ಸೀಮೆಎಣ್ಣೆಯಲ್ಲಿ ಬಟ್ಟೆ ಅದ್ದಿ ತಿಕ್ಕಿದ್ದೆ. ನಾನು ತಿಕ್ಕಿದ ಸಪ್ಪಳ ಸಹ ನೆನಪಿಗೆ ಬಂತು.

ಮಿಕ್ಕಿದ್ದನ್ನು ವೈನಿಯೇ ಬಿಡಿಸಿ ಹೇಳಿದಳು. ಆ ಗ್ಯಾರೇಜಿನಲ್ಲಿ ಯಾವ ಸಾಮಾನಿನ ಮೇಲೆ ಖಡುವಿನ ಕಟ್ಟು, ಅಂದರೆ ಅಂಥ ಅಡ್ಡಗೆರೆ, ಬೀಳುತ್ತದೋ ಅದು ಕೆಟ್ಟಿದೆ, ಬಿಚ್ಚಿ ಬೇರೆ ಹಾಕಬೇಕು ಎಂದು ಅರ್ಥ. ಅಲ್ಲಿ ಕೆಲಸ ಮಾಡುವವರಿಗೆಲ್ಲ ಗೊತ್ತಿದ್ದ ಮಾತು. ನನಗೆ ಯಾರು ಹೇಳಬೇಕು? ನಾನು ಕುಂಕುಮ, ಬಣ್ಣ, ಹೂವಿನ ಹಾರದವಳು. ಹಿಂದಿನ ಸಂಜೆ ಅಣ್ಣ ಹುಕ್ಕಿನಲ್ಲಿ ಕೂದಲೆಳೆಯಂಥ ಬಿರುಕು ನೋಡಿ, ಕಟ್ಟು ಹಾಕಿ, ಮುಂಜಾನೆ ಬೇರೆ ಹುಕ್ಕು ತಂದು ಹಾಕು ಎಂದು ಸತ್ಯಪ್ಪನಿಗೆ ಹೇಳಿದ್ದ. ಸತ್ಯಪ್ಪ ತಂದ. ಬರುವಷ್ಟರಲ್ಲಿ ನಾನು ಹುಕ್ಕಿಗೆ ಕೆಂಪು ಬಳಿದು, ಕುಂಕುಮ ಹಚ್ಚಿ, ಕಾಯಿ ಒಡೆಸಿ ಮುಗಿಸಿದ್ದೆ. ಅಣ್ಣನೇ ಬೇರೆ ಹುಕ್ಕು ಹಾಕಿರಬೇಕು ಅಂದುಕೊಂಡ ಸತ್ಯಪ್ಪ. ಕೆಂಪು ನೋಡಿ ಸತ್ಯಪ್ಪ ಬೇರೆಯದನ್ನು ಹಾಕಿ ಆಗಿದೆ, ಪೂಜೆಯೂ ಆಗಿದೆ ಅಂದುಕೊಂಡ ಅಣ್ಣ. ಬಣ್ಣದ ಕೆಳಗೆ ಹಳೆಯದು ಹೊಸದು ಎರಡೂ ಒಂದೇ.

“ನೀ ಯಾಕ ಕೇಳಲಿಲ್ಲ?” ಸತ್ಯಪ್ಪನನ್ನು ಕೇಳಿದೆ. ನನ್ನ ದನಿ ಇಳಿದಿತ್ತು.

“ಮನಸಿನ್ಯಾಗ ಸಂಶೇ ಬಂತ್ರಿ ಅಕ್ಕಾರ. ಚೀಲದಾಗ ಹೊಸಾ ಹುಕ್ಕ ಇಟಗೊಂಡ ಗಾಡಿ ಹಿಂದ ನಿಂತಿದ್ನಿ. ಒಮ್ಮೆ ಬಿಚ್ಚಿ ನೋಡೂಣು ಅನಸ್ತು. ಪೂಜಿ ಆದದ್ದಕ್ಕ ಬೋಲ್ಟ್ ಬಿಚ್ಚೂ ಪಾನಾ ಹಚ್ಚಬೇಕಂದ್ರ…” ಬಿಚ್ಚಿದ ಪಂಪಿನ ವಾಷರುಗಳನ್ನು ಕೈಗೆ ಬಳಿದುಕೊಂಡ. “ಅದೂ ನಾ ಹಚ್ಚಿದ್ರ, ನಿಮ್ಮ ಮಂದಿ ಸುಮ್ನ ಇರತಿದ್ರೇನ್ರಿ?”

ಅವನ ಕೈಯಿಂದ ಒಂದು ವಾಷರ್ ಜಾರಿ ನನ್ನ ಕಾಲ ಹತ್ತಿರ ಉರುಳಿತು. ಎತ್ತಿ ಕೊಟ್ಟೆ. ತಪ್ಪಾಯಿತು ಅನ್ನುವ ಮಾತು ಹುಟ್ಟಿದಾಗಿನಿಂದ ನನ್ನ ಬಾಯಲ್ಲಿ ಬಂದದ್ದಲ್ಲ, ಅವತ್ತೂ ಬರಲಿಲ್ಲ.

“ಯಾಕ ಹೇಳಲಿಲ್ಲ ನನಗ?” ಅಣ್ಣನನ್ನು ಕೇಳಿದೆ.

“ಹೇಳಿ ಏನ ಮಾಡೂದಿತ್ತು? ಗಂಡನ್ನ ಕಳಕೊಂಡ ಕುಂತಾಕಿ ನೀ. ಅದರ ಮ್ಯಾಲೆ ಇದನ್ನೂ ಹೊರಸ್ಲೇನ?”

“ಅದಕ್ಕ ನನ್ನ ಕಡಿಂದ ಬೈಸಿಕೊಂಡ ಕುಂತಿ?”

“ಬೈಗಳ ನನಗ ಬರಬೇಕಾದದ್ದ. ಗುರ್ತ ಹಾಕೂದ ಕೆಲಸಲ್ಲ ರಾಜಿ, ಬಿಚ್ಚೂದ ಕೆಲಸ. ಬಿರುಕ ಕಂಡ ಕೂಡ್ಲೆ ಬಿಚ್ಚಿ ಒಗೀಬೇಕಾಗಿತ್ತು. ಕಟ್ಟ ಹಾಕಿ ಪಂಪ್ ಕಡೆ ಹೊಳ್ಳಿದೆ. ಪಂಪ್ ಅಂದ್ರ ಹುಚ್ಚ ನನಗ. ತಪ್ಪ ನಂದ ಅಂತ ಅವತ್ತ ಹೇಳೇನಿ. ಸುಳ್ಳ ಹೇಳಿಲ್ಲ.”

“ಬೈ ನನ್ನ.”

“ಯಾಕ ಬೈಲಿ?”

“ನಾ ಬೈದಿಲ್ಲೇನ ನಿನಗ? ಸತ್ಯಪ್ಪಗ ಮಣ್ಣ ತೂರಿಲ್ಲೇನ? ಒಮ್ಮೆ ಬೈ.”

“ರೊಟ್ಟಿ ತಿಂದ ಹೋಗು,” ಅಂದ.

ತಿನ್ನಲಿಲ್ಲ. ಹೊಸ್ತಿಲ ಹತ್ತಿರ ನಿಂತು, “ಸನ್ಮಾನಕ್ಕ ಹೋಗು” ಅಂದೆ. “ನೀ ಬಂದ್ರ ಹೋಗತೇನಿ” ಅಂದ. ಬರುತ್ತೇನೆ ಅಂದೆ. ಬಸ್ ಸ್ಟ್ಯಾಂಡಿನಿಂದಲೇ ವಿಜಯನಿಗೆ ಫೋನ್ ಮಾಡಿ, ಸತ್ಯಪ್ಪನಿಗೂ ಒಂದು ಶಾಲು ತರಲು ಹೇಳಿದೆ.

“ಅವಂಗ್ಯಾಕ್ರಿ ಕಾಕೂ?”

“ಅವ ಇಲ್ಲದ ಒಂದ ಗಾಡಿನೂ ಎದ್ದ ನಿಂತಿಲ್ಲ. ಅದಕ್ಕ.”

“ನೋಡೂಣ್ರಿ,” ಅಂದ. ಆ ನೋಡೋಣದ ಅರ್ಥ ನನಗೆ ಗೊತ್ತು. ಸತ್ಯಪ್ಪನಿಗೂ ಗೊತ್ತಿತ್ತು. ಆ ದಿನ ಅವನು ಬೇರೆ ಕೆಲಸ ಇದೆ ಎಂದು ಹೇಳಿ ಬರಲೇ ಇಲ್ಲ.

ಆಟ ಚಚಡಿಯ ಹತ್ತಿರದ ಬಯಲಿನಲ್ಲಿತ್ತು. ಕಬ್ಬು ಕಡಿದು ಹರಗಿದ ನೆಲ. ಈಗಿನ ಗಾಡಿಗಳು ಮದುಮಗನ ಕಾರಿನಂತೆ ಇರುತ್ತವೆ. ಸುತ್ತಲೂ ಬಣ್ಣಬಣ್ಣದ ಲೈಟು, ಎದೆಗೆ ಹೊಡೆಯುವ ಹಾಡು, ಹಿಂದೆ ಊರಿನ ಹೆಸರು. ಅಣ್ಣ ಬಿಳಿ ಧೋತರ ಉಟ್ಟು ವೇದಿಕೆಯ ಮೇಲೆ ಮೊಣಕಾಲಿನ ಮೇಲೆ ಕೈ ಇಟ್ಟು ಕುಳಿತಿದ್ದ. ನಾನು ಅವನ ಹಿಂದೆ. ಒಂದೊಂದು ಗಾಡಿ ಶುರುವಾದಾಗಲೂ ಅವನ ತಲೆ ಆ ಕಡೆ ವಾಲುತ್ತಿತ್ತು.

“ಇದರ ಪಂಪಿನ ಸ್ಕ್ರೂ ಕಾಲ ಸುತ್ತ ಹೆಚ್ಚ ತಿರುವ್ಯಾರ,” ಎಂದು ನನಗಷ್ಟೇ ಕೇಳುವಂತೆ ಹೇಳಿದ. “ಇನ್ನೆರಡ ಆಟ ಆಡಿದ್ರ ಪಿಸ್ಟನ್ ಕರಗ್ತಾವ.” ಒಂಬತ್ತು ವರ್ಷದಲ್ಲಿ ಅವನ ಮುಖದ ಮೇಲೆ ಅಂಥ ಬೆಳಕು ಬಂದಿತ್ತೋ ಇಲ್ಲವೋ, ನಾನು ಕಂಡಿಲ್ಲ.

ಮೂತಿಯ ಮೇಲೆ ಯಾರೂ ನಿಲ್ಲಬಾರದು ಎಂದು ಪಾಂಪ್ಲೇಟಿನಲ್ಲಿ ದಪ್ಪ ಅಕ್ಷರದಲ್ಲಿ ಹಾಕಿದ್ದರು. ಮಧ್ಯಾಹ್ನದವರೆಗೆ ಪಾಲಿಸಿದರು ಕೂಡ. ಫೈನಲ್ ಬಂತು. ಅದಕ್ಕೆ ಮುಂಚೆ ಸನ್ಮಾನ ಎಂದು ಮೈಕಿನಲ್ಲಿ ಕೂಗಿದರು. ವಿಜಯ ಶಾಲಿನ ಮಡಿಕೆ ಬಿಚ್ಚುತ್ತಿದ್ದ. ಅಷ್ಟರಲ್ಲಿ ಕೆಳಗೆ ಕೇಕೆ ಎದ್ದಿತು. ಒಬ್ಬ ಮನುಷ್ಯ ಅಂಗಿ ತೆಗೆದು ತಲೆಗೆ ಸುತ್ತಿಕೊಂಡು, ಫೈನಲ್ ಗಾಡಿಯ ಮುಂದಿನ ಬಂಪರ್ ಹತ್ತಿ, ಬಾನೆಟ್ಟಿಗೆ ಬೆನ್ನು ಆನಿಸಿ ನಿಂತ.

“ನಮ್ಮ ಮಾಂತೇಶನ ಎದಿಗಾರಿಕಿ ನೋಡ್ರಿ!” ಎಂದು ಮೈಕಿನವನು ಅರಚಿದ. ನಿಯಮ ಬರೆಸಿದವರೇ ಚಪ್ಪಾಳೆ ಹೊಡೆದರು.

ಅಣ್ಣ ವಿಜಯನ ಮುಂಗೈ ಹಿಡಿದ. “ಅವನ್ನ ಇಳಸೋ.”

“ಫೈನಲ್ ಐತ್ರಿ ಕಾಕಾ. ಮಂದಿ ಕೇಳೂದಿಲ್ಲ.”

“ಇಳಸೋ ತಮ್ಮಾ, ನಿನ್ನ ಕಾಲ ಬೀಳತೇನಿ.”

“ಸುಮ್ನ ಕುಂದರ್ರಿ, ಫೋಟೋ ತೆಗ್ಯಾಕತ್ತಾರ.”

ಅಣ್ಣ ಏಳಲು ನೋಡಿದ. ಮಡಚಿದ ಮೊಣಕಾಲು ನೆಟ್ಟಗಾಗಲಿಲ್ಲ, ಮತ್ತೆ ಕುಳಿತ. ನಾನು ವೇದಿಕೆ ಇಳಿದೆ. ಸುಣ್ಣದ ಗೆರೆ ದಾಟಿ, ಹೋಗಿ ಆ ಗಾಡಿಯ ಎದುರಿಗೆ, ಮಾಂತೇಶನ ಕಾಲಿನಿಂದ ಎರಡು ಮಾರು ದೂರದಲ್ಲಿ ನಿಂತೆ.

“ಇಳಿ ಕೆಳಗ.”

“ಏ ಅವ್ವಾ, ಸರೀ! ಸಾಯಾಕ ಬಂದೀಯೇನ?” ಡ್ರೈವರ್ ಕೂಗಿದ.

“ಇವ ಇಳದ್ರ ಸರೀತೇನಿ.”

ಗಾಡಿಯ ಮಾಲೀಕ ಓಡಿ ಬಂದ. ನನ್ನ ಹಣೆ ನೋಡಿದ, ಕೈ ನೋಡಿದ. ಅವನ ಮುಖ ಬದಲಾಯಿತು.

“ಪೂಜಿ ಮಾಡಿದ ಗಾಡಿ ಮುಂದ ಮುಂಡಿ ಬಂದ ನಿಂತಾಳಲ್ಲೋ! ಯಾರೋ ಈಕಿನ್ನ ಬಿಟ್ಟವ್ರು? ಎಳೀರಿ!”

ಯಾರೂ ಎಳೆಯಲಿಲ್ಲ. ಮುಟ್ಟುವುದಕ್ಕೂ ಹಿಂದೆಮುಂದೆ ನೋಡಿದರು. ಪಾಂಪ್ಲೇಟಿನ ನಿಯಮಕ್ಕೆ ಇಳಿಯದವನು, ನಾನು ಎದುರಿಗೆ ನಿಂತು ಹೇಳಿದರೂ ಇಳಿಯದ ಮಾಂತೇಶ, ಆ ಒಂದು ಮಾತಿಗೆ ಇಳಿದ. ನನ್ನ ಕಡೆ ನೋಡದೆ, ತಲೆಗೆ ಸುತ್ತಿದ್ದ ಅಂಗಿ ಬಿಚ್ಚಿ ಹೆಗಲ ಮೇಲೆ ಹಾಕಿಕೊಂಡು ಮಂದಿಯೊಳಗೆ ನಡೆದ. ಮಾಲೀಕ ಇಂಜಿನ್ ಬಂದ್ ಮಾಡಿಸಿ ಇನ್ನೊಂದು ಕಾಯಿ ಒಡೆಸಿದ. ಆಮೇಲೆ ಮೂತಿಯ ಮೇಲೆ ಆಳಿಲ್ಲದೆ ಜಗ್ಗಿದರು. ಮೂತಿ ಎದ್ದಿತು, ಡ್ರೈವರ್ ಹೆದರಿಕೊಂಡು ರೇಸ್ ಬಿಟ್ಟ. ಎದುರಿನ ಗಾಡಿ ಅದನ್ನು ದನದ ಹೆಣ ಎಳೆದಂತೆ ಎಳೆದುಕೊಂಡು ಹೋಯಿತು. ಬೈಗಳೆಲ್ಲ ನನಗೆ ಬಂದವು. ನಾನು ಬೈದದ್ದಕ್ಕಿಂತ ಕಡಿಮೆಯೇ.

ನೀರಿನ ಟ್ಯಾಂಕರಿನ ಹತ್ತಿರ ಒಬ್ಬ ಹೆಣ್ಣುಮಗಳು ನನ್ನನ್ನು ಅಡ್ಡಗಟ್ಟಿದಳು. ಕೈಯಲ್ಲಿ ಮೊಬೈಲ್ ಇತ್ತು, ಗಂಡನ ವಿಡಿಯೋ ತೆಗೆಯಲು ಹಿಡಿದದ್ದು. ಮಾಂತೇಶನ ಹೆಂಡತಿ.

“ನಿಮ್ಮ ಗಂಡ ಸತ್ರ ನನ್ನ ಗಂಡನ ಮರ್ಯಾದಿ ಯಾಕ ಕಳದ್ರಿ? ಇನ್ನ ಅವ್ರ ಯಾವ ಮಾರಿ ಹೊತ್ತ ತಿರಗಬೇಕು?”

“ಹುಕ್ಕಿಗೆ ಬಣ್ಣ ಹಚ್ಚಿದಾಕಿ ನಾನ ಯವ್ವಾ,” ಅಂದೆ. “ಅದರ ಮ್ಯಾಲಿನ ಗುರ್ತ ಒರಸಿದಾಕಿ ನಾನ.”

ಆ ಮಾತನ್ನು ನಾನು ಬಾಯಿಬಿಟ್ಟು ಆಡಿದ್ದು ಅದೇ ಮೊದಲು. ಅವಳಿಗೆ ಏನೂ ತಿಳಿಯಲಿಲ್ಲ. ಪಕ್ಕದವಳ ಕಡೆ ತಿರುಗಿ, “ಏನಂತಾಳಬೇ ಈಕಿ?” ಅಂದಳು. ನನಗೆ ಸಿಟ್ಟು ಬರಲಿಲ್ಲ. ಮಹಾದೇವನನ್ನು ಯಾರಾದರೂ ಹೀಗೆ ಇಳಿಸಿದ್ದರೆ ನಾನು ಅವರ ಜಡೆ ಹಿಡಿಯುತ್ತಿದ್ದೆ.

ಸನ್ಮಾನ ಅಲ್ಲಿಗೆ ನಿಂತುಹೋಯಿತು. ವಿಜಯ ಶಾಲನ್ನು ಪ್ಲಾಸ್ಟಿಕ್ ಚೀಲಕ್ಕೆ ತುರುಕಿ ನನ್ನ ಕೈಗೆ ಕೊಟ್ಟು, “ಮನ್ಯಾಗ ಹೊಚ್ಚರಿ ಅವರಿಗೆ” ಎಂದು ಹೋದ. ನಾನೂ ಅಣ್ಣನೂ ಒಂದು ಟಂಟಂ ರಿಕ್ಷಾದಲ್ಲಿ ಹತ್ತು ಜನರ ನಡುವೆ ಕುಳಿತು ಬೈಲಹೊಂಗಲಕ್ಕೆ ಬಂದೆವು. ಬಸ್ ಸ್ಟ್ಯಾಂಡಿನಲ್ಲಿ ನನ್ನ ಬಸ್ಸು ಒಂದು ಕಡೆ ನಿಲ್ಲುತ್ತದೆ, ಅವನದು ಇನ್ನೊಂದು ಕಡೆ. ನಡುವೆ ಒಂದು ಕಲ್ಲಿನ ಬೆಂಚು. ಕುಳಿತೆವು.

“ನಿನ್ನ ಸನ್ಮಾನ ಕೆಡಿಸಿದೆ,” ಅಂದೆ.

“ಬಿಡು.”

“ಇದಕ್ಕರ ಬೈ.”

ಅಣ್ಣ ತನ್ನ ಉಗುರಿನ ಸಂದಿಯ ಕರಿಯನ್ನು ಕೆರೆದ. ಅದು ಇನ್ನು ಹೋಗುವ ಕರಿಯಲ್ಲ.

“ನಾ ಒಳ್ಳೆವ ಅಂತ ಸುಮ್ನ ಅದೇನಿ ಅಂದ್ಕೊಂಡಿಯೇನ ನೀ?” ಅಂದ. “ಅವತ್ತ ಎರಡನೇ ಸುತ್ತ ಮುಗದ ಮ್ಯಾಲೆ ಮಾದೇವ ಇಳದಿದ್ದ. ನಿಜಗುಣಣ್ಣಾ, ಮೂತಿ ಬಾಳ ಏಳಾಕತ್ತೈತಿ, ನನಗ್ಯಾಕೋ ಸರಿ ಅನಸವಲ್ದು, ಈ ಸುತ್ತ ಬ್ಯಾಡ ಅಂದ. ಮರಳಿನ ಚೀಲ ಅಲ್ಲೇ ಇದ್ದೂ.”

ಶಾಲಿನ ಚೀಲವನ್ನು ಮಡಿಲಿಗೆ ಎಳೆದುಕೊಂಡೆ.

“ಏ, ನಿನ್ನ ಹೇಂತಿ ಬೇಲಿ ಹಂತೇಕ ನಿಂತ ನೋಡಾಕತ್ತಾಳ, ಇಳದ್ರ ಏನಂತಾಳಲೇ ಅಂದೆ. ನಕ್ಕ. ನಿನ್ನ ಕಡೆ ಒಮ್ಮೆ ನೋಡಿದ. ಹತ್ತಿದ.”

ಮಹಾದೇವ ನೋಡಿದ್ದ. ನನಗೆ ನೆನಪಿದೆ. ನಾನು ಸೆರಗು ಹಲ್ಲಿನಲ್ಲಿ ಕಚ್ಚಿಕೊಂಡು ಕೈ ಎತ್ತಿ ಬೀಸಿದ್ದೆ. ಹತ್ತು ಎಂದು ಬೀಸಿದ್ದಲ್ಲ. ಹೆಂಗಸರ ನಡುವೆ, ಇವನು ನನ್ನವನು ಎಂದು ತೋರಿಸುವುದಕ್ಕೆ.

“ಇದನ್ನ ಪೊಲೀಸರಿಗೆ ಹೇಳಿಲ್ಲ, ಸೋಮಿಗೂ ಹೇಳಿಲ್ಲ,” ಅಂದ ಅಣ್ಣ. “ಈಗ ನೀ ಬೈ.”

ಅವನು ಕಾದ. ಮುಖ ನನ್ನ ಕಡೆಗೇ ಇತ್ತು. ಜೀವನದಲ್ಲಿ ಬೈಗಳಿಗೆ ಎಂದೂ ತಡವರಿಸದ ನನ್ನ ಬಾಯಲ್ಲಿ ಒಂದು ಅಕ್ಷರವೂ ಹುಟ್ಟಲಿಲ್ಲ. ಸಂಗೊಳ್ಳಿಯ ಬಸ್ಸು ಬಂತು, ಜನ ಇಳಿದರು, ಜನ ಹತ್ತಿದರು, ಹೋಯಿತು.

“ನಿನ್ನ ಗಾಡಿ ಹೋತು,” ಅಂದ.

“ಕಾಣತೈತಿ.”

ಆಮೇಲೆ ನೇಸರಗಿಯ ಬಸ್ಸು ಬಂತು. ಅಣ್ಣ ಎದ್ದ. ಮೆಟ್ಟಿಲು ಹತ್ತುವಾಗ ಅವನ ಮೊಣಕಾಲು ಮಡಚಲಿಲ್ಲ, ಹಿಂದಿನಿಂದ ರಟ್ಟೆಗೆ ಕೈ ಕೊಟ್ಟು ಎತ್ತಿದೆ. ಅವನನ್ನು ಕಿಟಕಿಗೆ ಕೂರಿಸಿ ಪಕ್ಕದಲ್ಲಿ ಕುಳಿತೆ. ಕಂಡಕ್ಟರ್ ಬಂದ.

“ಎಲ್ಲಿಗ್ರಿ?”

“ಅವರದೊಂದ ನೇಸರಗಿ ಟಿಕೆಟ್ ಹರಿ,” ಎಂದು ಹೆಂಗಸರ ಪುಕ್ಕಟೆ ಟಿಕೆಟ್ಟಿಗೆ ನನ್ನ ಆಧಾರ್ ಕಾರ್ಡ್ ತೆಗೆದು ತೋರಿಸಿದೆ. “ನಂದೂ ಅಲ್ಲಿಗೇ.”